ಮರಳುವ ಹಾದಿ: ವೋಲ್ಫ್ ಬೀರ್ಮನ್ ಅವರ 1976ರ ಹಾಡಿನ ಪ್ರವಾಸ



ತಾವೇ ಹಾಡು ಕಟ್ಟಿ ತಾವೇ ಹಾಡುವ ಕಲಾವಿದರು ಪರದೇಶಕ್ಕೆ ಕಛೇರಿಗೆಂದು ಹೋಗಿಬರುವುದು ಇಂದು ನಮಗೆ ತೀರ ಪರಿಚಿತವಾದ ಸಂಗತಿ. ಅಮೆರಿಕದ ಕನ್ನಡ ಕೂಟಗಳೂ ಕೊಲ್ಲಿ ನಾಡುಗಳ ಕನ್ನಡ ಸಂಘಗಳೂ ನಮ್ಮ ಜನಪದ ಗಾಯಕರನ್ನು, ಸುಗಮ ಸಂಗೀತದವರನ್ನು ಕರೆಸಿಕೊಳ್ಳುತ್ತವೆ. ಅವರು ಹೋಗಿ ಹಾಡಿ, ಸನ್ಮಾನ ಸ್ವೀಕರಿಸಿ, ಊರಿಗೆ ಮರಳುತ್ತಾರೆ. ಇಂಥ ಪ್ರವಾಸಗಳನ್ನು ಕುರಿತು ಮಾತಾಡುವಾಗ ನಾವು ಹೋದದ್ದನ್ನೇ ಹೇಳುತ್ತೇವೆ: ಎಷ್ಟು ಊರು, ಎಂಥ ಸಭಾಂಗಣ, ಎಷ್ಟು ಜನ. ಮರಳಿದ್ದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ನನ್ನ ಇಂದಿನ ಮಾತು ಆ ಮರಳುವಿಕೆಯನ್ನು ಕುರಿತದ್ದು. ಹಾಡು ಕಟ್ಟುವವರ ವಿದೇಶ ಪ್ರವಾಸದಲ್ಲಿ ಮರಳಿ ಬರುವುದು ಕಛೇರಿಯಷ್ಟೇ ಮುಖ್ಯವಾದ ಭಾಗ ಎಂಬುದು ನನ್ನ ವಾದ. ಅವರ ಹಾಡು ಯಾರನ್ನೋ ಉದ್ದೇಶಿಸಿ ಕಟ್ಟಿದ್ದು. ಆ ಯಾರೋ ಬಹುಪಾಲು ಊರಿನಲ್ಲೇ ಇರುತ್ತಾರೆ. ಮರಳುವ ಹಾದಿಯನ್ನು ಮುಚ್ಚಿದ ಸರ್ಕಾರಕ್ಕೆ ಹಾಡುಗಾರರ ಬಾಯಿ ಮುಚ್ಚಿಸಲು ಆಗುವುದಿಲ್ಲ, ಆದರೆ ಅವರಿಗೆ ಮಾರುತ್ತರ ಕೊಡಬಲ್ಲ ಕೇಳುಗರನ್ನು ಅದು ಕಿತ್ತುಕೊಳ್ಳುತ್ತದೆ. ಆ ನಷ್ಟ ಇಬ್ಬರದೂ ಹೌದು.

ಈ ವಾದವನ್ನು ಸಮರ್ಥಿಸಲು ನಾನು ಆರಿಸಿಕೊಂಡಿರುವುದು ಪೂರ್ವ ಜರ್ಮನಿಯ ಕವಿ, ಗಾಯಕ ವೋಲ್ಫ್ ಬೀರ್ಮನ್ ಅವರು 1976ರ ನವೆಂಬರ್‌ನಲ್ಲಿ ಪಶ್ಚಿಮ ಜರ್ಮನಿಗೆ ಹೊರಟ ಹಾಡಿನ ಪ್ರವಾಸವನ್ನು. ಮೊದಲು ಅವರ ಹಾಡು ಯಾರಿಗಾಗಿ ಹುಟ್ಟಿತು, ಆ ಕೇಳುಗರನ್ನು ಯಾವ ದಾರಿಯಲ್ಲಿ ತಲುಪುತ್ತಿತ್ತು ಎಂಬುದನ್ನು ನೋಡೋಣ. ಆಮೇಲೆ ಕಲೋನ್ ನಗರದ ಕಛೇರಿ, ಅದಕ್ಕೆ ಸರ್ಕಾರ ಕೊಟ್ಟ ಉತ್ತರ, ಆ ಉತ್ತರದ ಕಾನೂನು. ಬೇರೆ ದೇಶಗಳ ಎರಡು ಮೂರು ನಿದರ್ಶನಗಳನ್ನು ಪಕ್ಕದಲ್ಲಿಟ್ಟು, ಕೊನೆಗೆ ನನ್ನ ವಾದಕ್ಕೆ ಬರಬಹುದಾದ ಆಕ್ಷೇಪಗಳಿಗೆ ಉತ್ತರ ಹೇಳಲು ಯತ್ನಿಸುತ್ತೇನೆ.

ಬೀರ್ಮನ್ ಹುಟ್ಟಿದ್ದು ಪೂರ್ವ ಜರ್ಮನಿಯಲ್ಲಲ್ಲ, ಪಶ್ಚಿಮದ ಬಂದರು ನಗರ ಹ್ಯಾಂಬರ್ಗ್‌ನಲ್ಲಿ, 1936ರ ನವೆಂಬರ್ 15ರಂದು. ತಂದೆ ಡಾಗೋಬರ್ಟ್ ಬೀರ್ಮನ್ ಹಡಗುಕಟ್ಟೆಯ ಕಾರ್ಮಿಕರು, ಯಹೂದಿ, ಕಮ್ಯುನಿಸ್ಟ್. ನಾಜಿಗಳು ಅವರನ್ನು ಸೆರೆಯಲ್ಲಿಟ್ಟು 1943ರಲ್ಲಿ ಆಶ್‌ವಿಟ್ಜ್‌ನಲ್ಲಿ ಕೊಂದರು. ಅದೇ ವರ್ಷದ ಬೇಸಗೆಯಲ್ಲಿ ಹ್ಯಾಂಬರ್ಗ್ ಬಾಂಬ್ ದಾಳಿಗೆ ಹೊತ್ತಿ ಉರಿದಾಗ ತಾಯಿ ಎಮ್ಮಾ ಮಗನನ್ನು ಆ ಬೆಂಕಿಯಿಂದ ಪಾರುಮಾಡಿದರು. ಯುದ್ಧ ಮುಗಿದು ದೇಶ ಎರಡಾಯಿತು. 1953ರಲ್ಲಿ ಲಕ್ಷಾಂತರ ಜನ ಪೂರ್ವದಿಂದ ಪಶ್ಚಿಮಕ್ಕೆ ಓಡಿಹೋಗುತ್ತಿದ್ದಾಗ ಹದಿನಾರರ ಈ ಹುಡುಗ ಪಶ್ಚಿಮದಿಂದ ಪೂರ್ವಕ್ಕೆ ನಡೆದ. ತಂದೆ ಯಾವ ಕನಸಿಗಾಗಿ ಸತ್ತರೋ ಆ ಕನಸನ್ನು ಕಟ್ಟುತ್ತಿರುವ ದೇಶ ಅದು ಎಂಬ ನಂಬಿಕೆ ಅವನನ್ನು ಕರೆದೊಯ್ದಿತು. ಈ ಒಂದು ಸಂಗತಿಯನ್ನು ಮನಸ್ಸಿನಲ್ಲಿ ಇಟ್ಟುಕೊಳ್ಳದಿದ್ದರೆ ಮುಂದಿನದೆಲ್ಲ ತಪ್ಪಾಗಿ ಅರ್ಥವಾಗುತ್ತದೆ. ಬೀರ್ಮನ್ ಆ ದೇಶದಲ್ಲಿ ಸಿಕ್ಕಿಬಿದ್ದವರಲ್ಲ, ಅದನ್ನು ಆರಿಸಿಕೊಂಡವರು. ಅವರ ಟೀಕೆಯ ತೀಕ್ಷ್ಣತೆ ಬಂದದ್ದು ಆ ಆಯ್ಕೆಯಿಂದ. ತಮ್ಮದೆಂದುಕೊಂಡ ಮನೆಯ ಬಗ್ಗೆ ಜಗಳವಾಡುವವರ ದನಿ ಅದು, ಹೊರಗೆ ನಿಂತು ನಗುವವರದಲ್ಲ.

ಬರ್ಲಿನ್‌ನಲ್ಲಿ ಅವರು ತತ್ತ್ವಶಾಸ್ತ್ರ, ಗಣಿತ ಓದಿದರು. 1957ರಿಂದ 1959ರವರೆಗೆ ನಾಟಕಕಾರ ಬ್ರೆಕ್ಟ್ ಸ್ಥಾಪಿಸಿದ ಬರ್ಲಿನರ್ ಎನ್ಸಾಂಬಲ್ ರಂಗತಂಡದಲ್ಲಿ ಸಹಾಯಕ ನಿರ್ದೇಶಕರಾಗಿ ದುಡಿದರು. ಬ್ರೆಕ್ಟ್ ಆಗಲೇ ತೀರಿಕೊಂಡಿದ್ದರು. ಆದರೆ ಹಾಡೆಂದರೆ ಭಾವದ ಅಲಂಕಾರವಲ್ಲ, ಕೇಳುಗರ ಯೋಚನೆಯನ್ನು ಎಬ್ಬಿಸುವ ಸಾಧನ ಎಂಬ ಅವರ ಪಾಠ ಆ ರಂಗಮಂದಿರದಲ್ಲಿ ಜೀವಂತವಾಗಿತ್ತು. ಬ್ರೆಕ್ಟ್ ನಾಟಕಗಳನ್ನು ಕನ್ನಡದಲ್ಲಿ ಕಂಡವರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಾಗಿಲ್ಲ. 1960ರಲ್ಲಿ ಬ್ರೆಕ್ಟ್‌ರ ಸಂಗೀತ ಸಹಚರ ಹಾನ್ಸ್ ಐಸ್ಲರ್ ಅವರ ಪರಿಚಯವಾಯಿತು, ಬೀರ್ಮನ್ ಹಾಡು ಕಟ್ಟತೊಡಗಿದರು. ಅವರ ಹಿಂದೆ ಇನ್ನೊಂದು ಹಳೆಯ ಪರಂಪರೆಯೂ ಇದೆ. ಜರ್ಮನಿಯ ಜಾತ್ರೆ, ಸಂತೆಗಳಲ್ಲಿ ಬೆಂಚಿನ ಮೇಲೆ ನಿಂತು, ಚಿತ್ರದ ಹಲಗೆಯನ್ನು ಕೋಲಿನಿಂದ ತೋರಿಸುತ್ತ, ಕೊಲೆ, ಯುದ್ಧ, ಪ್ರವಾಹಗಳ ಕಥೆಯನ್ನು ಹಾಡಾಗಿ ಹೇಳುತ್ತಿದ್ದ ಅಲೆಮಾರಿ ಗಾಯಕರ ಪರಂಪರೆ. ನಮ್ಮ ಲಾವಣಿಕಾರರು ಸಂತೆಯ ಜನರೆದುರು ಸುದ್ದಿಯನ್ನೂ ತೀರ್ಪನ್ನೂ ಒಟ್ಟಿಗೆ ಹಾಡಿದಂತೆ ಅವರೂ ಹಾಡುತ್ತಿದ್ದರು. ಒಂದು ಗಿಟಾರ್, ಒರಟು ಗಂಟಲು, ಎದುರಿಗಿರುವವರನ್ನು ನೇರವಾಗಿ ಮಾತಾಡಿಸುವ ಧಾಟಿ: ಬೀರ್ಮನ್ ಈ ಪರಂಪರೆಯಿಂದ ಪಡೆದದ್ದು ಇವು. ಈ ಬಗೆಯ ಹಾಡು ಎದುರಿಗೆ ಕೇಳುಗರಿಲ್ಲದೆ ಪೂರ್ತಿಯಾಗುವುದಿಲ್ಲ. ಕೇಳುಗರು ನಕ್ಕರೋ, ಕೆರಳಿದರೋ, ಎದ್ದು ಹೋದರೋ ಎಂಬುದು ಮುಂದಿನ ಹಾಡನ್ನು ರೂಪಿಸುತ್ತದೆ.

1965ರ ಡಿಸೆಂಬರ್‌ನಲ್ಲಿ ಆಳುವ ಪಕ್ಷದ ಕೇಂದ್ರ ಸಮಿತಿಯ ಹನ್ನೊಂದನೆಯ ಅಧಿವೇಶನ ನಡೆಯಿತು. ಚಲನಚಿತ್ರಗಳು, ನಾಟಕಗಳು, ಕಾದಂಬರಿಗಳು ಒಂದೇ ಏಟಿಗೆ ನಿಷೇಧಕ್ಕೊಳಗಾದ ಸಭೆ ಅದು. ಬೀರ್ಮನ್ ಅವರಿಗೆ ವೇದಿಕೆ ಹತ್ತುವುದೂ ಪುಸ್ತಕ ಪ್ರಕಟಿಸುವುದೂ ಹೊರದೇಶಕ್ಕೆ ಹೋಗುವುದೂ ಮೂರೂ ನಿಷಿದ್ಧವಾದವು. ಆ ವರ್ಷವೇ ಅವರ ಮೊದಲ ಕವನ ಸಂಕಲನ ಪಶ್ಚಿಮ ಬರ್ಲಿನ್‌ನಲ್ಲಿ ಅಚ್ಚಾಗಿತ್ತು. ತಮ್ಮ ದೇಶದಲ್ಲಿ ಅವರ ಒಂದು ಪುಸ್ತಕವೂ ಹೊರಬರಲಿಲ್ಲ. ಮುಂದಿನ ಹನ್ನೊಂದು ವರ್ಷ ಅವರ ವೇದಿಕೆಯೆಂದರೆ ಪೂರ್ವ ಬರ್ಲಿನ್‌ನ ಶೊಸೇ ಬೀದಿಯ 131ನೆಯ ಸಂಖ್ಯೆಯ ಮನೆ. ಬ್ರೆಕ್ಟ್ ಬದುಕಿದ್ದ ಮನೆ ಅದೇ ಬೀದಿಯಲ್ಲಿದೆ, ಬ್ರೆಕ್ಟ್‌ರ ಸಮಾಧಿಯೂ ಅಲ್ಲೇ ಪಕ್ಕದ ಸ್ಮಶಾನದಲ್ಲಿದೆ. ಗೆಳೆಯರು, ವಿದ್ಯಾರ್ಥಿಗಳು, ಹೊರದೇಶದ ಅತಿಥಿಗಳು ಆ ಕೋಣೆಗೆ ಬಂದು ಹಾಡು ಕೇಳುತ್ತಿದ್ದರು. 1966ರಲ್ಲಿ ಅಮೆರಿಕದ ಜನಪದ ಗಾಯಕಿ ಜೋನ್ ಬಾಯೆಜ್ ಪೂರ್ವ ಬರ್ಲಿನ್‌ಗೆ ಬಂದಾಗ ಬೀರ್ಮನ್ ಅವರನ್ನು ಕಂಡು ಹೋದರು. ಗುಪ್ತಚರ ಇಲಾಖೆಯಾದ ಸ್ಟಾಸಿ ಆ ಮನೆಯ ಮೇಲೆ ಕಣ್ಣಿಟ್ಟಿತ್ತು. ಬೀರ್ಮನ್ ಅವರ ಕಡತಕ್ಕೆ ಅದು ಇಟ್ಟ ಗುಪ್ತನಾಮ ‘ಕವಿ’.

ಇಲ್ಲಿ ಒಂದು ವಿಚಿತ್ರವಾದ ಸಂಚಾರ ಶುರುವಾಯಿತು. ನನ್ನ ವಾದಕ್ಕೆ ಅದು ಬಹಳ ಮುಖ್ಯ, ಆದ್ದರಿಂದ ಇಲ್ಲಿ ಸ್ವಲ್ಪ ನಿಲ್ಲುತ್ತೇನೆ. ಆ ಕೋಣೆಯಲ್ಲೇ ಹಾಡುಗಳನ್ನು ಟೇಪಿಗೆ ತುಂಬಿಸಿ, ಟೇಪನ್ನು ಗಡಿಯಾಚೆ ಸಾಗಿಸಿ, ಪಶ್ಚಿಮದಲ್ಲಿ ಗ್ರಾಮಫೋನ್ ತಟ್ಟೆಯಾಗಿ ಹೊರತಂದರು. 1960ರ ದಶಕದ ಕೊನೆಗೆ ಬಂದ ಆ ತಟ್ಟೆಯ ಹೆಸರು ಅವರ ಮನೆಯ ವಿಳಾಸವೇ. ಸ್ಟುಡಿಯೋದ ಗೋಡೆಗಳಿಲ್ಲದ್ದರಿಂದ ಬೀದಿಯ ವಾಹನಗಳ ಸದ್ದೂ ಹಾಡಿನ ಜೊತೆಗೆ ಅದರಲ್ಲಿ ದಾಖಲಾಗಿದೆ. ಪಶ್ಚಿಮದ ರೇಡಿಯೋ ಕೇಂದ್ರಗಳು ಆ ಹಾಡುಗಳನ್ನು ಪ್ರಸಾರ ಮಾಡಿದವು, ಪೂರ್ವದ ಮನೆಗಳಲ್ಲಿ ಜನ ಕೇಳಿಸಿಕೊಂಡರು, ಟೇಪಿನಿಂದ ಟೇಪಿಗೆ ಇಳಿಸಿಕೊಂಡರು, ಪದ್ಯಗಳನ್ನು ಕೈಯಲ್ಲಿ ಬರೆದು ಹಂಚಿದರು. ಹೀಗೆ ಪೂರ್ವ ಬರ್ಲಿನ್‌ನ ಕೋಣೆಯೊಂದರಲ್ಲಿ ಹುಟ್ಟಿದ ಹಾಡು ನಾಲ್ಕು ಬೀದಿ ಆಚೆಯ ನೆರೆಯವರನ್ನು ತಲುಪಲು ಬೇರೊಂದು ದೇಶವನ್ನು ಸುತ್ತಿ ಬರಬೇಕಾಗಿತ್ತು. ಹಾಡುಗಾರರಿಗೆ ಗಡಿ ದಾಟಲು ಅನುಮತಿ ಸಿಗುವ ಎಷ್ಟೋ ವರ್ಷ ಮೊದಲೇ ಹಾಡು ವಿದೇಶ ಪ್ರವಾಸ ಮಾಡಿ ಮನೆಗೆ ಮರಳುತ್ತಿತ್ತು. ಪಶ್ಚಿಮದ ಕೇಳುಗರು ಬೀರ್ಮನ್ ಅವರನ್ನು ಮೆಚ್ಚಿದ್ದು ನಿಜ, ಕೊಂಡದ್ದೂ ನಿಜ. ಆದರೆ ಹಾಡುಗಳಲ್ಲಿ ಬರುವ ಬೀದಿ, ಸೇತುವೆ, ಸ್ಮಶಾನ, ಪಕ್ಷದ ಮುದುಕರು, ಪಕ್ಷದ ಭಾಷೆ ಎಲ್ಲವೂ ಪೂರ್ವದವು. ಅಲ್ಲಿನ ಅಧಿಕಾರಿ ಸುತ್ತೋಲೆಯಲ್ಲಿ ಬರೆಯುವ ಜರ್ಮನ್ ಯಾವುದು, ಅಡುಗೆಮನೆಯಲ್ಲಿ ಜನ ಆಡುವ ಜರ್ಮನ್ ಯಾವುದು ಎಂದು ಬಲ್ಲವರಿಗೆ ಮಾತ್ರ ಆ ಹಾಡಿನ ಇರಿತ ಪೂರ್ತಿ ತಾಗುತ್ತಿತ್ತು.

ಈಗ ಪ್ರವಾಸಕ್ಕೆ ಬರೋಣ. 1976ರ ಸೆಪ್ಟೆಂಬರ್‌ನಲ್ಲಿ ಬೀರ್ಮನ್ ಪ್ರೆನ್ಸ್‌ಲೌ ಎಂಬ ಊರಿನ ಚರ್ಚ್‌ನಲ್ಲಿ ಹಾಡಿದರು. ಹನ್ನೊಂದು ವರ್ಷಗಳಲ್ಲಿ ತಮ್ಮ ದೇಶದ ಜನರೆದುರು ಅವರು ಬಹಿರಂಗವಾಗಿ ಹಾಡಿದ್ದು ಅದೇ ಮೊದಲು. ಅದೇ ಹೊತ್ತಿಗೆ ಪಶ್ಚಿಮ ಜರ್ಮನಿಯ ಲೋಹ ಕಾರ್ಮಿಕರ ಸಂಘಟನೆ ಐಜಿ ಮೆಟಲ್ ಅವರನ್ನು ಹಾಡಿನ ಪ್ರವಾಸಕ್ಕೆ ಕರೆಯಿತು. ಈ ಬಾರಿ ಸರ್ಕಾರ ಅನುಮತಿ ಕೊಟ್ಟಿತು. ಮೊದಲ ಕಛೇರಿ ನವೆಂಬರ್ 13ರಂದು ಕಲೋನ್‌ನ ಕ್ರೀಡಾ ಸಭಾಂಗಣದಲ್ಲಿ. ಸುಮಾರು ಏಳು ಸಾವಿರ ಜನ ಸೇರಿದ್ದರು. ಪಕ್ಕವಾದ್ಯವಿಲ್ಲ, ಮೇಳವಿಲ್ಲ, ಒಬ್ಬ ಮನುಷ್ಯ, ಒಂದು ಗಿಟಾರ್. ಕಾರ್ಯಕ್ರಮ ನಾಲ್ಕು ಗಂಟೆಗೂ ಹೆಚ್ಚು ಹೊತ್ತು ನಡೆಯಿತು.

ಆ ರಾತ್ರಿಯ ಕಾರ್ಯಕ್ರಮದಲ್ಲಿ ಹಾಡಿನಷ್ಟೇ ಮಾತೂ ಇತ್ತು, ವಾಗ್ವಾದವೂ ಇತ್ತು. ಸಭೆಯಲ್ಲಿದ್ದ ಬಗೆಬಗೆಯ ಎಡಪಂಥೀಯರು ಪ್ರಶ್ನೆ ಕೂಗಿದರು, ಬೀರ್ಮನ್ ಉತ್ತರ ಕೊಟ್ಟರು. 1953ರ ಜೂನ್ 17ರಂದು ಪೂರ್ವ ಜರ್ಮನಿಯ ಕಾರ್ಮಿಕರು ದಂಗೆಯೆದ್ದು ಸೋವಿಯತ್ ಟ್ಯಾಂಕುಗಳ ಮುಂದೆ ಸೋತ ಘಟನೆ ಅಲ್ಲಿನ ಅಧಿಕೃತ ಇತಿಹಾಸದ ಪ್ರಕಾರ ಫ್ಯಾಸಿಸ್ಟರ ಪಿತೂರಿ. ಬೀರ್ಮನ್ ಆ ದಿನಕ್ಕೆ ಎರಡು ಮುಖಗಳಿದ್ದವು ಎಂದರು: ಒಂದು ಹಳೆಯ ನಾಜಿ ದ್ವೇಷದ್ದು, ಇನ್ನೊಂದು ನಿಜವಾದ ಜನರ ಬಂಡಾಯದ್ದು. ಪಶ್ಚಿಮದ ಬಲಪಂಥೀಯರಿಗೂ ಪೂರ್ವದ ಪಕ್ಷಕ್ಕೂ ಏಕಕಾಲಕ್ಕೆ ಇರುಸುಮುರುಸಾಗುವ ಮಾತು ಅದು. ತಮ್ಮ ದೇಶದ ನಾಯಕರನ್ನು ಅವರು ಕಟುವಾಗಿ ಟೀಕಿಸಿದರು, ಅದೇ ಉಸಿರಿನಲ್ಲಿ ಪೂರ್ವ ಜರ್ಮನಿಯನ್ನು ಒಟ್ಟಾರೆ ತಳ್ಳಿಹಾಕಲು ಬಂದವರ ಎದುರು ಆ ದೇಶವನ್ನು ಸಮರ್ಥಿಸಿಕೊಂಡರು. ಬರ್ಲಿನ್‌ನ ಸ್ಪ್ರೀ ನದಿಯ ಸೇತುವೆಯೊಂದರ ಕಟಾಂಜನದಲ್ಲಿ ಎರಕಹೊಯ್ದ ಪ್ರಷ್ಯಾದ ಕಬ್ಬಿಣದ ಹದ್ದನ್ನು ಕುರಿತು ಅವರು ಕಟ್ಟಿದ ಹಾಡೂ ಅಂದು ಕೇಳಿಸಿತು. ತಾನಾಗಿ ಈ ದೇಶ ಬಿಡುವವನಲ್ಲ, ಆ ಹದ್ದೇ ಎಳೆದು ಗಡಿಯಾಚೆ ಎಸೆಯಬೇಕು ಎಂಬುದು ಆ ಹಾಡಿನ ಹೂರಣ. ಮರಳಿ ಹೋಗುತ್ತೇನೆಂಬ ನಿರ್ಧಾರವನ್ನು ಅವರು ಸಾವಿರಾರು ಜನರೆದುರು ಹಾಡಿನಲ್ಲೇ ಸಾರಿಬಿಟ್ಟಿದ್ದರು. ಅಂದು ಎದುರಿಗೆ ಕುಳಿತವರು ಪಶ್ಚಿಮದವರು; ಆದರೆ ಆಡುತ್ತಿದ್ದ ಪ್ರತಿ ಮಾತಿಗೂ ತಾವು ಊರಿಗೆ ಹೋಗಿ ಉತ್ತರ ಕೊಡಬೇಕಾದೀತು ಎಂಬ ಎಚ್ಚರ ಬೀರ್ಮನ್ ಅವರಿಗೆ ಇತ್ತು. ಆ ಎಚ್ಚರದಿಂದಲೇ ಮಾತಿಗೆ ತೂಕ ಬಂದದ್ದು.

ಮೂರು ದಿನಗಳ ನಂತರ, ನವೆಂಬರ್ 16ರಂದು, ಪೂರ್ವ ಜರ್ಮನಿಯ ಸರ್ಕಾರಿ ಸುದ್ದಿಸಂಸ್ಥೆ ಬೀರ್ಮನ್ ಅವರ ಪೌರತ್ವವನ್ನು ರದ್ದುಪಡಿಸಲಾಗಿದೆ ಎಂದು ಪ್ರಕಟಿಸಿತು. ತಮ್ಮ ನಲವತ್ತನೆಯ ಹುಟ್ಟುಹಬ್ಬದ ಮರುದಿನ ಅವರು ತಾವು ಆರಿಸಿಕೊಂಡ ದೇಶವನ್ನು ಕಳೆದುಕೊಂಡರು.

ಇನ್ನು ಆ ತೀರ್ಮಾನದ ಕಾನೂನನ್ನು ಪರಿಶೀಲಿಸೋಣ. ಇಲ್ಲಿ ನಮ್ಮ ವಿಷಯದ ಗಂಟು ಬಿಚ್ಚಿಕೊಳ್ಳುತ್ತದೆ. ಸರ್ಕಾರ ಆಧಾರವಾಗಿ ಹಿಡಿದದ್ದು 1967ರ ಪೌರತ್ವ ಕಾಯ್ದೆಯ 13ನೆಯ ವಿಧಿಯನ್ನು. ನಾಗರಿಕ ಕರ್ತವ್ಯಗಳನ್ನು ಗಂಭೀರವಾಗಿ ಉಲ್ಲಂಘಿಸಿದವರ ಪೌರತ್ವ ಕಿತ್ತುಕೊಳ್ಳಲು ಆ ವಿಧಿ ಅವಕಾಶ ಕೊಡುತ್ತಿತ್ತು, ಒಂದು ಷರತ್ತಿನೊಡನೆ: ಆ ವ್ಯಕ್ತಿ ದೇಶದ ಹೊರಗೆ ನೆಲೆಸಿರಬೇಕು ಅಥವಾ ಹೊರಗೆ ಇರಬೇಕು. ಬೀರ್ಮನ್ ಶೊಸೇ ಬೀದಿಯ ತಮ್ಮ ಕೋಣೆಯಲ್ಲಿ ಕುಳಿತಿರುವವರೆಗೆ ಈ ವಿಧಿ ಅವರನ್ನು ಮುಟ್ಟುವಂತಿರಲಿಲ್ಲ. ನಾಜಿಗಳು ಕೊಂದ ಕಮ್ಯುನಿಸ್ಟನ ಮಗನನ್ನು ಜೈಲಿಗೆ ಹಾಕುವುದು ಫ್ಯಾಸಿಸಂ ವಿರೋಧವನ್ನೇ ತನ್ನ ಅಡಿಪಾಯವೆಂದು ಹೇಳಿಕೊಳ್ಳುವ ಸರ್ಕಾರಕ್ಕೆ ಮುಜುಗರದ ಕೆಲಸ. ಅವರು ಗಡಿ ದಾಟಿದ ಕ್ಷಣದಿಂದ ವಿಧಿ ಅನ್ವಯವಾಗತೊಡಗಿತು. ಪ್ರವಾಸದ ಅನುಮತಿಯೇ ಉಚ್ಚಾಟನೆಗೆ ಬೇಕಾದ ಕಾನೂನಿನ ಸ್ಥಿತಿಯನ್ನು ಒದಗಿಸಿತು. ಪೌರತ್ವ ಕಿತ್ತುಕೊಳ್ಳುವ ಆಲೋಚನೆ ಅಧಿಕಾರದ ವಲಯದಲ್ಲಿ ಕೆಲವು ವರ್ಷಗಳಿಂದಲೇ ಇತ್ತೆಂಬುದು ಮುಂದೆ ತೆರೆದ ಸ್ಟಾಸಿ ಕಡತಗಳಿಂದ ತಿಳಿದುಬಂದಿದೆ. ಆದ್ದರಿಂದ ಕಲೋನ್‌ನಲ್ಲಿ ಅವರು ಏನು ಹಾಡಿದರು ಎಂಬುದು ಕಾರಣವಾಗಿ ಕಂಡರೂ, ಅದನ್ನು ನೆಪವೆಂದು ಕರೆಯುವುದೇ ಸರಿ ಎಂದು ನಾನು ತಿಳಿಯುತ್ತೇನೆ.

ಇನ್ನೊಂದು ದಾಖಲೆಯನ್ನೂ ಇದರ ಪಕ್ಕದಲ್ಲಿಡಬೇಕು. ನಾಗರಿಕ ಮತ್ತು ರಾಜಕೀಯ ಹಕ್ಕುಗಳ ಅಂತರರಾಷ್ಟ್ರೀಯ ಒಡಂಬಡಿಕೆಗೆ ಪೂರ್ವ ಜರ್ಮನಿ 1973ರಲ್ಲೇ ಒಪ್ಪಿಗೆ ಕೊಟ್ಟಿತ್ತು. ಒಡಂಬಡಿಕೆ ಜಾರಿಗೆ ಬಂದದ್ದು 1976ರ ಮಾರ್ಚ್ 23ರಂದು, ಅಂದರೆ ಈ ಕಛೇರಿಗೆ ಎಂಟು ತಿಂಗಳು ಮೊದಲು. ಯಾರನ್ನೂ ಅವರ ಸ್ವಂತ ದೇಶದೊಳಕ್ಕೆ ಬರದಂತೆ ಮನಬಂದಂತೆ ತಡೆಯಕೂಡದು ಎಂದು ಅದರ 12ನೆಯ ವಿಧಿ ಹೇಳುತ್ತದೆ. ಪೌರತ್ವವನ್ನೇ ಅಳಿಸಿಬಿಟ್ಟರೆ ಅದು ಅವರ ಸ್ವಂತ ದೇಶವೇ ಅಲ್ಲ ಎಂದು ಆಗ ವಾದಿಸಬಹುದಿತ್ತು. ಹಕ್ಕನ್ನು ಮುರಿಯದೆ ಹಕ್ಕಿನ ನೆಲವನ್ನೇ ಕೀಳುವ ಈ ಉಪಾಯಕ್ಕೆ ಜರ್ಮನಿಯಲ್ಲಿ ಒಂದು ಕರಾಳ ಪೂರ್ವೇತಿಹಾಸವಿತ್ತು. ಇದೇ ದಾರಿಯಲ್ಲಿ ನಾಜಿಗಳು 1935ರಲ್ಲಿ ಬ್ರೆಕ್ಟ್ ಅವರ, 1936ರಲ್ಲಿ ಥಾಮಸ್ ಮನ್ ಅವರ ಪೌರತ್ವ ಕಿತ್ತುಕೊಂಡಿದ್ದರು. ನಾಜಿಗಳ ಕಾಲದಲ್ಲಿ ದೇಶ ಬಿಟ್ಟು ಅಲೆದು ಬಂದಿದ್ದ ಲೇಖಕರು ಪೂರ್ವ ಬರ್ಲಿನ್‌ನಲ್ಲಿ ಇನ್ನೂ ಬದುಕಿದ್ದರು, ಅವರಿಗೆ ಇದು ನೆನಪಿತ್ತು.

ನವೆಂಬರ್ 17ರಂದು ಅಂಥವರಲ್ಲೊಬ್ಬರಾದ ಸ್ಟೆಫಾನ್ ಹರ್ಮ್‌ಲಿನ್ ಮುಂದೆ ನಿಂತು ಒಂದು ಮನವಿಯನ್ನು ಸಿದ್ಧಪಡಿಸಿದರು. ಕ್ರಿಸ್ಟಾ ವೋಲ್ಫ್, ಸಾರಾ ಕಿರ್ಷ್, ಹೈನರ್ ಮ್ಯೂಲರ್, ಸ್ಟೆಫಾನ್ ಹೈಮ್, ಯುರೆಕ್ ಬೆಕರ್, ಫೋಲ್ಕರ್ ಬ್ರೌನ್ ಸೇರಿ ಒಟ್ಟು ಹನ್ನೆರಡು ಮಂದಿ ಲೇಖಕರು ಸಹಿ ಹಾಕಿದರು. ಬೀರ್ಮನ್ ಅವರ ಎಲ್ಲ ಮಾತನ್ನೂ ತಾವು ಒಪ್ಪುವುದಿಲ್ಲ, ಆದರೆ ಇಂಥ ಇರುಸುಮುರುಸಿನ ಕವಿಯನ್ನು ತಾಳ್ಮೆಯಿಂದ ಸಹಿಸಿಕೊಳ್ಳುವ ಶಕ್ತಿ ನಮ್ಮ ಸಮಾಜವಾದಿ ರಾಜ್ಯಕ್ಕೆ ಇರಬೇಕು, ತೀರ್ಮಾನವನ್ನು ಮರುಪರಿಶೀಲಿಸಿ ಎಂಬುದು ಅದರ ತಾತ್ಪರ್ಯ. ಅದರ ದನಿ ಎಷ್ಟು ಮೃದುವೋ ಅದರ ಪರಿಣಾಮ ಅಷ್ಟು ದೊಡ್ಡದಾಯಿತು. ಪಕ್ಷದ ಪತ್ರಿಕೆ ಅದನ್ನು ಅಚ್ಚು ಹಾಕಲಿಲ್ಲ, ವಿದೇಶಿ ಸುದ್ದಿಸಂಸ್ಥೆಯ ಮೂಲಕ ಅದು ಹೊರಬಂತು. ಮುಂದಿನ ದಿನಗಳಲ್ಲಿ ನೂರಕ್ಕೂ ಹೆಚ್ಚು ಕಲಾವಿದರು, ಲೇಖಕರು ತಮ್ಮ ಹೆಸರು ಸೇರಿಸಿದರು. ಅದೇ ವಾರ ಪಶ್ಚಿಮ ಜರ್ಮನಿಯ ಎಆರ್‌ಡಿ ವಾಹಿನಿ ಇಡೀ ಕಲೋನ್ ಕಛೇರಿಯನ್ನು ಪ್ರಸಾರ ಮಾಡಿತು. ಡ್ರೆಸ್ಡನ್ ಸುತ್ತಮುತ್ತಲಿನಂಥ ಕೆಲವು ಭಾಗಗಳನ್ನು ಬಿಟ್ಟರೆ ಪೂರ್ವದ ಬಹುತೇಕ ಮನೆಗಳಲ್ಲಿ ಪಶ್ಚಿಮದ ದೂರದರ್ಶನ ಕಾಣುತ್ತಿತ್ತು. ಹನ್ನೊಂದು ವರ್ಷ ಕಾಣದಂತೆ ಮಾಡಿದ್ದ ಗಾಯಕರನ್ನು ಅಲ್ಲಿನ ಜನ ತಮ್ಮ ಮನೆಯಲ್ಲೇ ಕುಳಿತು ನೋಡಿದರು. ಸರ್ಕಾರ ಬಾಗಿಲು ಹಾಕದೆ ಇದ್ದಿದ್ದರೆ ಅಷ್ಟು ಜನ ನೋಡುತ್ತಿದ್ದರೇ ಎಂಬುದು ಸಂದೇಹ.

ಹಾಗಾದರೆ ಬಾಗಿಲು ಹಾಕಿದ್ದರಿಂದ ಹಾಡಿಗೆ ಲಾಭವೇ ಆಯಿತಲ್ಲ ಎನ್ನಬಹುದು. ಈ ಪ್ರಶ್ನೆಗೆ ಉತ್ತರಿಸುವ ಮೊದಲು ಗಡಿಯ ಇನ್ನೂ ಕೆಲವು ನಿದರ್ಶನಗಳನ್ನು ಚುಟುಕಾಗಿ ನೋಡೋಣ, ಯಾಕೆಂದರೆ ಇದು ಕಮ್ಯುನಿಸ್ಟ್ ಸರ್ಕಾರಗಳ ದೋಷ ಮಾತ್ರ ಎಂದುಕೊಂಡರೆ ತಪ್ಪಾಗುತ್ತದೆ. ಅಮೆರಿಕ 1950ರಲ್ಲಿ ತನ್ನ ಗಾಯಕ ಪಾಲ್ ರೋಬ್ಸನ್ ಅವರ ಪಾಸ್‌ಪೋರ್ಟ್ ಕಿತ್ತುಕೊಂಡಿತು. ಅವರಿಗೆ ಅದು ಮರಳಿ ಸಿಕ್ಕಿದ್ದು 1958ರಲ್ಲಿ. 1952ರಲ್ಲಿ ಕೆನಡಾದ ಗಣಿ ಕಾರ್ಮಿಕರ ಸಂಘ ಅವರನ್ನು ಕರೆದಾಗ ಗಡಿಯಲ್ಲಿ ತಡೆದರು. ಮೇ ತಿಂಗಳಲ್ಲಿ ಅವರು ಗಡಿಯ ಅಮೆರಿಕದ ಬದಿಯಲ್ಲೇ ಲಾರಿಯ ಮೇಲೆ ನಿಂತು ಆಚೆಗಿನ ಕೆನಡಾದವರಿಗೂ ಕೇಳುವಂತೆ ಹಾಡಿದರು. 1957ರಲ್ಲಿ ಅಟ್ಲಾಂಟಿಕ್ ದಾಟುವ ದೂರವಾಣಿ ತಂತಿಯ ಮೂಲಕ ಲಂಡನ್‌ನ ಸಭೆಗೆ ಹಾಡಿದರು. ದಕ್ಷಿಣ ಆಫ್ರಿಕದ ಗಾಯಕಿ ಮಿರಿಯಮ್ ಮಕೇಬಾ 1959ರಲ್ಲಿ ಹೊರಗೆ ಹೋದವರು. ಮರುವರ್ಷ ತಾಯಿಯ ಅಂತ್ಯಕ್ರಿಯೆಗೆ ಊರಿಗೆ ಹೊರಟಾಗ ಪಾಸ್‌ಪೋರ್ಟ್ ರದ್ದಾಗಿರುವುದು ತಿಳಿಯಿತು. 1963ರಲ್ಲಿ ವಿಶ್ವಸಂಸ್ಥೆಯ ಸಮಿತಿಯೆದುರು ವರ್ಣಭೇದ ನೀತಿಯ ವಿರುದ್ಧ ಸಾಕ್ಷ್ಯ ನುಡಿದ ಮೇಲೆ ಪೌರತ್ವವೂ ಹೋಯಿತು, ಅವರ ಹಾಡಿನ ತಟ್ಟೆಗಳಿಗೆ ನಿಷೇಧ ಬಿತ್ತು. ಅವರು ಮರಳಿದ್ದು 1990ರಲ್ಲಿ. ಚಿಲಿಯ ಇಂತಿ ಇಲಿಮಾನಿ ಮತ್ತು ಕಿಲಾಪಾಯುನ್ ಗಾಯಕ ತಂಡಗಳು 1973ರ ಸೆಪ್ಟೆಂಬರ್ 11ರಂದು ಯುರೋಪಿನ ಪ್ರವಾಸದಲ್ಲಿದ್ದವು. ಅಂದು ಸ್ಯಾಂಟಿಯಾಗೋದಲ್ಲಿ ಸೈನ್ಯ ಅಧಿಕಾರ ಹಿಡಿಯಿತು. ಊರಲ್ಲೇ ಇದ್ದ ಅವರ ಒಡನಾಡಿ ವಿಕ್ಟರ್ ಹಾರಾ ಅವರನ್ನು ಕ್ರೀಡಾಂಗಣದಲ್ಲಿ ಸೆರೆಹಿಡಿದಿಟ್ಟು ಕೊಂದರು. ಇಂತಿ ಇಲಿಮಾನಿ ತಂಡದವರು ಹದಿನೈದು ವರ್ಷ ಇಟಲಿಯಲ್ಲಿ ಉಳಿಯಬೇಕಾಯಿತು. ಬಂಡವಾಳಶಾಹಿ ಪ್ರಜಾಪ್ರಭುತ್ವ, ಜನಾಂಗೀಯ ಆಳ್ವಿಕೆ, ಸೈನಿಕ ಸರ್ವಾಧಿಕಾರ, ಒಂದೇ ಪಕ್ಷದ ಸಮಾಜವಾದ: ಈ ನಾಲ್ಕೂ ಹಾಡುಗಾರರ ವಿಷಯದಲ್ಲಿ ಗಡಿಬಾಗಿಲಿನ ಬೀಗವನ್ನೇ ಹುಡುಕಿಕೊಂಡವು.

ಈಗ ಆಕ್ಷೇಪಗಳನ್ನು ಎತ್ತಿಕೊಳ್ಳುತ್ತೇನೆ. ಮೊದಲನೆಯದು ಎಲ್ಲ ದೇಶಗಳಲ್ಲೂ ಕೇಳಿಬರುವಂಥದು: ಮನೆಯ ಜಗಳವನ್ನು ಪರರ ಅಂಗಳದಲ್ಲಿ ಆಡಬಾರದಿತ್ತು. ಅತಿಥಿಯಾಗಿ ಹೋದ ಗಾಯಕ ತನ್ನ ದೇಶದ ಮರ್ಯಾದೆ ಕಾಯಬೇಕು. ಈ ಮಾತಿನಲ್ಲಿ ಹುರುಳಿಲ್ಲದೆ ಇಲ್ಲ. ಪರದೇಶದ ಚಪ್ಪಾಳೆಗಾಗಿ ಸ್ವದೇಶವನ್ನು ಹೀಗಳೆಯುವುದು ಸುಲಭದ ದಾರಿ. ಆದರೆ ಮನೆಯ ಜಗಳವನ್ನು ಮನೆಯಲ್ಲೇ ಆಡು ಎನ್ನಬೇಕಾದರೆ ಮನೆಯಲ್ಲಿ ಬಾಯಿ ತೆರೆಯಲು ಬಿಟ್ಟಿರಬೇಕು. ಹನ್ನೊಂದು ವರ್ಷ ಒಂದೂ ವೇದಿಕೆ ಕೊಡದವರು ಹೊರಗೆ ಮಾತಾಡಿದ್ದನ್ನು ಅಪರಾಧವೆಂದು ಎಣಿಸುವುದು ನ್ಯಾಯವಲ್ಲ. ಮೇಲಾಗಿ ಬೀರ್ಮನ್ ಪರದೇಶದವರ ಎದುರು ಪರದೇಶದವರನ್ನು ಮೆಚ್ಚಿಸುವ ಮಾತಾಡಲಿಲ್ಲ. ಅವರು ತಮ್ಮ ದೇಶವನ್ನು ಸಮರ್ಥಿಸಿಕೊಂಡ ಕ್ಷಣಗಳಲ್ಲಿ ಸಭೆಯೊಳಗೇ ಪ್ರತಿರೋಧ ಎದ್ದಿತ್ತು.

ಎರಡನೆಯ ಆಕ್ಷೇಪ ಹೆಚ್ಚು ಗಂಭೀರವಾದದ್ದು. ಬೀರ್ಮನ್ ಪ್ರಸಿದ್ಧರು, ಪಶ್ಚಿಮದಲ್ಲಿ ಪ್ರಕಾಶಕರಿದ್ದರು, ಮನೆ ಸಿಕ್ಕಿತು, ವೇದಿಕೆ ಸಿಕ್ಕಿತು. ಹೆಸರಿಲ್ಲದವರ ಗತಿಯೇನು? ಆಕ್ಷೇಪಿಸುವವರು ಹೇಳುವ ಸಂಗತಿ ಸತ್ಯ. ಉಚ್ಚಾಟನೆಯನ್ನು ವಿರೋಧಿಸಿದ ಯುವಲೇಖಕ ಯುರ್ಗನ್ ಫುಕ್ಸ್, ಹಾಡುಗಾರರಾದ ಗೆರುಲ್ಫ್ ಪನಾಖ್ ಮತ್ತು ಕ್ರಿಸ್ಟಿಯಾನ್ ಕೂನರ್ಟ್ ಜೈಲು ಸೇರಿ, ಮರುವರ್ಷ ಪಶ್ಚಿಮಕ್ಕೆ ತಳ್ಳಲ್ಪಟ್ಟರು. ಯೇನಾ ನಗರದ ಹುಡುಗ ಹುಡುಗಿಯರನ್ನು ಬಂಧಿಸಿದರು. ಬೀರ್ಮನ್ ಅವರ ಆಪ್ತ ಮಿತ್ರ, ರಸಾಯನಶಾಸ್ತ್ರಜ್ಞ ರಾಬರ್ಟ್ ಹಾವೆಮನ್ ಗೃಹಬಂಧನಕ್ಕೆ ಒಳಗಾದರು. ಆದರೆ ಇದು ನನ್ನ ವಾದವನ್ನು ಬಲಪಡಿಸುತ್ತದೆಯೇ ಹೊರತು ಒಡೆಯುವುದಿಲ್ಲ. ಶಿಕ್ಷೆ ಬಿದ್ದದ್ದು ಗಾಯಕರಿಗಷ್ಟೇ ಅಲ್ಲ, ಅವರಿಗೆ ಉತ್ತರ ಕೊಡಲು ಎದ್ದ ಕೇಳುಗರಿಗೆ. ಹಾಡುಗಾರರನ್ನೂ ಕೇಳುಗರನ್ನೂ ಬೇರ್ಪಡಿಸುವುದೇ ಉದ್ದೇಶವಾಗಿತ್ತು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಪುರಾವೆ ಬೇಕಾಗಿಲ್ಲ. ಅಲ್ಲಿಂದ ಮುಂದೆ ಸಾರಾ ಕಿರ್ಷ್, ಯುರೆಕ್ ಬೆಕರ್, ನಟ ಮನ್‌ಫ್ರೆಡ್ ಕ್ರೂಗ್, ಗಾಯಕಿ ನೀನಾ ಹಾಗನ್, ಕವಿ ಗ್ಯುಂಟರ್ ಕೂನರ್ಟ್ ಒಬ್ಬೊಬ್ಬರಾಗಿ ದೇಶ ಬಿಟ್ಟರು. ಒಬ್ಬರಿಗೆ ಮುಚ್ಚಿದ ಬಾಗಿಲು ಒಂದು ತಲೆಮಾರಿನ ಕಲೆಯನ್ನು ಹೊರಗೆ ಹರಿಸಿತು.

ಮೂರನೆಯ ಆಕ್ಷೇಪ ಸಾಹಿತ್ಯದ್ದು. ಒಳ್ಳೆಯ ಹಾಡಿಗೆ ಊರಿನ ಹಂಗಿಲ್ಲ, ಅದು ಎಲ್ಲಿ ಹಾಡಿದರೂ ಹಾಡೇ. ಮೇಲಾಗಿ ಎರಡೂ ಜರ್ಮನಿಗಳ ಭಾಷೆ ಒಂದೇ. ಕನ್ನಡ ಸಂಘಗಳ ಕಛೇರಿಯನ್ನು ನಾನು ಆರಂಭದಲ್ಲಿ ಪ್ರಸ್ತಾಪಿಸಿದ್ದು ಈ ಕಾರಣಕ್ಕೂ ಹೌದು. ಡಲ್ಲಾಸ್‌ನಲ್ಲೋ ದುಬೈನಲ್ಲೋ ಕನ್ನಡದ ಹಾಡು ಕೇಳುವವರು ಅದನ್ನು ನಮ್ಮಷ್ಟೇ, ಕೆಲವೊಮ್ಮೆ ನಮಗಿಂತ ಹೆಚ್ಚು ಪ್ರೀತಿಯಿಂದ ಕೇಳುತ್ತಾರೆ. ಆದರೆ ಹಾಡಿನಲ್ಲಿ ಎರಡು ಬಗೆ. ಎಲ್ಲರ ನೆನಪಿಗೆ ಸೇರಿದ ಹಾಡು ಒಂದು ಬಗೆ. ಒಂದು ಊರಿನ ಇಂದಿನ ವ್ಯವಹಾರದಲ್ಲಿ ತಲೆಹಾಕುವ ಹಾಡು ಇನ್ನೊಂದು. ಮೊದಲನೆಯದು ಎಲ್ಲಿಗೆ ಹೋದರೂ ಕಳೆದುಕೊಳ್ಳುವುದು ಕಡಿಮೆ. ಎರಡನೆಯದಕ್ಕೆ ಆ ವ್ಯವಹಾರದಲ್ಲಿ ಪಾಲಿರುವವರು ಬೇಕು. ಪೂರ್ವದ ಕಾರ್ಖಾನೆಯ ಕಾರ್ಮಿಕ ಬೀರ್ಮನ್ ಅವರ ಹಾಡು ಕೇಳಿದರೆ ಅವನಿಗೆ ಅಪಾಯವಿತ್ತು, ಆದ್ದರಿಂದ ಅವನ ಕೇಳುವಿಕೆಗೆ ಬೆಲೆಯಿತ್ತು. ಪಶ್ಚಿಮದಲ್ಲಿ ಅದೇ ಹಾಡನ್ನು ಟಿಕೆಟು ಕೊಂಡವರು ಯಾವ ಅಪಾಯವೂ ಇಲ್ಲದೆ ಕೇಳಬಹುದಿತ್ತು. ಉಚ್ಚಾಟನೆಯ ನಂತರ ಬೀರ್ಮನ್ ಸುಮ್ಮನಾಗಲಿಲ್ಲ. ಹ್ಯಾಂಬರ್ಗ್‌ನಲ್ಲಿ ನೆಲೆಸಿ ಬರೆದರು, ಹಾಡಿದರು, ತಟ್ಟೆಗಳನ್ನು ತಂದರು, ಪಶ್ಚಿಮದ ವಿಷಯಗಳಿಗೂ ಹಾಡು ಕಟ್ಟಿದರು. ಒಳ್ಳೆಯ ಹಾಡುಗಳೂ ಅವುಗಳಲ್ಲಿವೆ. ಆದರೆ ಆಡಿದ ಮಾತಿಗೆ ಊರಿಗೆ ಹೋಗಿ ಉತ್ತರ ಕೊಡಬೇಕೆಂಬ ಆ ಒತ್ತಡ ಅವುಗಳ ಬೆನ್ನ ಹಿಂದೆ ಇಲ್ಲ. ಹಾವೆಮನ್ ಸಾವಿನ ಹಾಸಿಗೆಯಲ್ಲಿದ್ದಾಗ, 1982ರಲ್ಲಿ, ಅವರನ್ನು ಒಮ್ಮೆ ನೋಡಿಬರಲು ಮಾತ್ರ ಗಡಿ ತೆರೆಯಿತು.

ಈಗ ಆಗಲೇ ಎತ್ತಿದ ಪ್ರಶ್ನೆಗೆ ಮರಳುತ್ತೇನೆ: ಬಾಗಿಲು ಹಾಕಿದ್ದರಿಂದ ಹಾಡು ಇನ್ನೂ ಹೆಚ್ಚು ಜನರನ್ನು ತಲುಪಿತಲ್ಲ? ಕೆಲವು ದಿನಗಳ ಮಟ್ಟಿಗೆ ಹೌದು. ನವೆಂಬರ್‌ನ ಆ ಪ್ರಸಾರದಷ್ಟು ಜನ ಬೀರ್ಮನ್ ಅವರನ್ನು ಹಿಂದೆಂದೂ ಒಟ್ಟಿಗೆ ಕಂಡಿರಲಿಲ್ಲ. ಆದರೆ ದೂರದರ್ಶನ ಒಂದೇ ಕಡೆಗೆ ಹರಿಯುವ ದಾರಿ. ಶೊಸೇ ಬೀದಿಯ ಕೋಣೆಯಲ್ಲಿ ಯಾರೋ ಒಬ್ಬರು ಎದ್ದುನಿಂತು ಈ ಪದ್ಯ ಸರಿಯಿಲ್ಲ, ಹೀಗಿಲ್ಲ ನಮ್ಮ ಬದುಕು ಎನ್ನಬಹುದಿತ್ತು. ತೆರೆಯೆದುರು ಕುಳಿತವರಿಗೆ ಆ ಅವಕಾಶವಿಲ್ಲ. ಪೂರ್ವ ಜರ್ಮನಿಯನ್ನು ಉರುಳಿಸಿದ್ದು ಈ ಕಛೇರಿಯೇ ಎಂಬ ಮಾತೂ ಆಗಾಗ ಕೇಳಿಬರುತ್ತದೆ. ಅದನ್ನು ನಾನು ಒಪ್ಪುವುದಿಲ್ಲ. ಮಾಸ್ಕೋದಲ್ಲಿ ಬದಲಾದ ನೀತಿ, ಸಾಲದಲ್ಲಿ ಮುಳುಗಿದ ಆರ್ಥಿಕತೆ, 1989ರಲ್ಲಿ ತೆರೆದ ಹಂಗೇರಿಯ ಗಡಿ, ಲೈಪ್‌ಜಿಗ್‌ನ ಬೀದಿಗಿಳಿದ ಜನ, ಇವುಗಳ ಪಾಲು ಬಹಳ ದೊಡ್ಡದು. ಆ ಸರ್ಕಾರ ತನ್ನ ಪರವಾಗಿಯೇ ವಾದಿಸಬಲ್ಲ ಟೀಕಾಕಾರರನ್ನು 1976ರಲ್ಲಿ ಕಳೆದುಕೊಂಡಿತು ಎಂದಷ್ಟೇ ನಾನು ಹೇಳಬಲ್ಲೆ. ಸಮಾಜವಾದವನ್ನು ತಿದ್ದಬಹುದು ಎಂದು ನಂಬಿದ್ದವರಲ್ಲಿ ಅನೇಕರು ಆ ನವೆಂಬರ್ ನಂತರ ಹಾಗೆ ನಂಬಲಿಲ್ಲ.

1989ರ ನವೆಂಬರ್ 4ರಂದು ಪೂರ್ವ ಬರ್ಲಿನ್‌ನ ಅಲೆಕ್ಸಾಂಡರ್ ಚೌಕದಲ್ಲಿ ಲಕ್ಷಾಂತರ ಜನರ ಸಭೆ ನಡೆದಾಗ ಬೀರ್ಮನ್ ಗಡಿಗೆ ಬಂದರು. ಅಂದೂ ಒಳಗೆ ಬಿಡಲಿಲ್ಲ. ಐದು ದಿನಗಳ ನಂತರ ಬರ್ಲಿನ್ ಗೋಡೆಯೇ ತೆರೆಯಿತು. ಡಿಸೆಂಬರ್ 1ರಂದು ಅವರು ಲೈಪ್‌ಜಿಗ್‌ನ ವಸ್ತುಪ್ರದರ್ಶನದ ಸಭಾಂಗಣದಲ್ಲಿ ಸಾವಿರಾರು ಜನರೆದುರು ಹಾಡಿದರು. ಕಲೋನ್‌ನಲ್ಲಿ ಆರಂಭವಾದ ಪ್ರವಾಸದ ಮರಳುವ ಭಾಗ ಹದಿಮೂರು ವರ್ಷ ತಡವಾಗಿ ನಡೆಯಿತೆಂದು ನಾನು ಅದನ್ನು ಓದುತ್ತೇನೆ. ಅಂದು ಎದುರಿಗೆ ಇಪ್ಪತ್ತು ವರ್ಷದ ಯುವಕರು ಕುಳಿತಿದ್ದರೆ, ಕಲೋನ್ ಕಛೇರಿಯ ಹೊತ್ತಿಗೆ ಅವರಿಗೆ ಏಳು ವರ್ಷ. ಅವರು ಬೆಳೆದ ಕಾಲದಲ್ಲಿ ಬೀರ್ಮನ್ ಅವರೊಂದಿಗೆ ಜಗಳವಾಡಿ, ಒಪ್ಪಿ, ಬೇಸತ್ತು, ಮತ್ತೆ ಕೇಳುವ ಅವಕಾಶ ಅವರಿಗೆ ಇರಲಿಲ್ಲ. ಅವರ ಸಂಕಟಗಳನ್ನು ಕಂಡು ಹಾಡು ಕಟ್ಟುವ ಅವಕಾಶ ಬೀರ್ಮನ್ ಅವರಿಗೂ ಇರಲಿಲ್ಲ. ಹತ್ತು ತಿಂಗಳ ನಂತರ, 1990ರ ಅಕ್ಟೋಬರ್ 3ರಂದು, ಆ ದೇಶವೇ ಇಲ್ಲವಾಯಿತು. ಹೊಸದಾಗಿ ಒಂದಾದ ಜರ್ಮನಿಯ ಸಂವಿಧಾನದ 16ನೆಯ ವಿಧಿ ಯಾರ ಪೌರತ್ವವನ್ನೂ ಕಿತ್ತುಕೊಳ್ಳಕೂಡದು ಎನ್ನುತ್ತದೆ. 1949ರಲ್ಲಿ, ನಾಜಿಗಳ ನೆನಪು ಹಸಿಯಾಗಿದ್ದಾಗ, ಪಶ್ಚಿಮ ಜರ್ಮನಿಗಾಗಿ ಬರೆದ ಆ ವಿಧಿ ಈಗ ಶೊಸೇ ಬೀದಿಗೂ ಅನ್ವಯಿಸುತ್ತದೆ.